ಗೈರುಹಾಜರಿಯ ವಜಾ: ತೀರ್ಪಿಲ್ಲದೆ ಮುಗಿಯುವ ದಾವೆಗಳು

ನ್ಯಾಯಾಲಯಕ್ಕೆ ಹೋದ ದಾವೆ ಸಾಮಾನ್ಯವಾಗಿ ಮುಗಿಯುವುದು ಎರಡೂ ಕಡೆಯವರ ಮಾತು ಕೇಳಿ, ಸಾಕ್ಷ್ಯ ತೂಗಿ, ಹಕ್ಕು ಯಾರದೆಂದು ನ್ಯಾಯಾಧೀಶರು ನಿರ್ಣಯಿಸಿದಾಗ. ಆದರೆ ದಾವೆ ಹಾಕಿದವರೇ ಗೊತ್ತುಪಡಿಸಿದ ದಿನ ಬಾರದೆ, ಅವರ ಪರ ವಕೀಲರೂ ಹಾಜರಾಗದೆ, ವಿಚಾರಣೆ ನಡೆಸುವುದಕ್ಕೆ ಎದುರಿಗೆ ಯಾರೂ ಇಲ್ಲದ ಕಾರಣಕ್ಕೆ ಕಡತವನ್ನು ಮುಚ್ಚಿಬಿಡುವುದೂ ಉಂಟು. ಇದನ್ನೇ ಗೈರುಹಾಜರಿಯ ವಜಾ ಎನ್ನುತ್ತಾರೆ. 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯು ಡಿಕ್ರಿ ಎಂದರೇನು ಎಂಬುದನ್ನು ತನ್ನ 2ನೇ ಕಲಮಿನಲ್ಲಿ ವಿವರಿಸುವಾಗಲೇ, ಗೈರುಹಾಜರಿಗಾಗಿ ಹೊರಡಿಸಿದ ವಜಾ ಆದೇಶವು ಡಿಕ್ರಿಯಾಗುವುದಿಲ್ಲವೆಂದು ಅದನ್ನು ಬೇರೆಯಾಗಿಯೇ ಇಟ್ಟಿದೆ. ಹಕ್ಕಿನ ಪ್ರಶ್ನೆಯನ್ನು ನ್ಯಾಯಾಲಯ ಅಲ್ಲಿ ಮುಟ್ಟಿಯೇ ಇರುವುದಿಲ್ಲ. ಹೀಗಿದ್ದರೂ ಕಲಬುರಗಿ ಜಿಲ್ಲೆಯ ಆಳಂದ, ಅಫಜಲಪುರ, ಜೇವರ್ಗಿ ತಾಲ್ಲೂಕುಗಳ ಹಳ್ಳಿಗಳಲ್ಲಿ ಕೇಸು ವಜಾ ಆಯಿತೆಂಬ ಸುದ್ದಿ ಬಂದೊಡನೆ ಹೊಲವೇ ಕೈಬಿಟ್ಟಿತೆಂದು ತಿಳಿದು ಸುಮ್ಮನೆ ಕೂರುವ ಕುಟುಂಬಗಳಿವೆ. ಸುಮ್ಮನೆ ಕುಳಿತ ಆ ದಿನಗಳೇ ಮುಂದೆ ಅವರಿಗೆ ಮುಳುವಾಗುತ್ತವೆ. ಈ ವಜಾ ಎಂಬುದು ಏನು, ಅದರಿಂದ ಏನು ಹೋಗುತ್ತದೆ, ಏನು ಉಳಿಯುತ್ತದೆ, ಉಳಿದುದನ್ನು ಪಡೆಯಲು ಕಾನೂನು ಎಷ್ಟು ಕಾಲ ಕೊಡುತ್ತದೆ ಎಂಬುದು ಆದ್ದರಿಂದ ವಕೀಲರಷ್ಟೇ ಅರಿಯಬೇಕಾದ ವಿಷಯವಾಗಿ ಉಳಿದಿಲ್ಲ.

ಸಂಹಿತೆಯ 9ನೇ ಆದೇಶವು ಕಕ್ಷಿದಾರರ ಹಾಜರಿ ಮತ್ತು ಗೈರುಹಾಜರಿಯ ಪರಿಣಾಮಗಳಿಗೇ ಮೀಸಲಾದುದು. ಇಲ್ಲಿ ಆದೇಶ ಎಂದರೆ ನ್ಯಾಯಾಧೀಶರು ಕೊಡುವ ಅಪ್ಪಣೆ ಎಂದಲ್ಲ, ಸಂಹಿತೆಯ ಮೊದಲನೆಯ ಅನುಸೂಚಿಯಲ್ಲಿರುವ ಒಂದು ಅಧ್ಯಾಯ ಎಂದು ಅರ್ಥ. ಆ ಅಧ್ಯಾಯದ 3ನೇ ನಿಯಮದ ಪ್ರಕಾರ, ದಾವೆಯನ್ನು ಕೂಗಿಸಿದಾಗ ವಾದಿಯೂ ಪ್ರತಿವಾದಿಯೂ ಇಬ್ಬರೂ ಇಲ್ಲದಿದ್ದರೆ ನ್ಯಾಯಾಲಯ ದಾವೆಯನ್ನು ವಜಾ ಮಾಡಬಹುದು. ಸಮನ್ಸ್ ಜಾರಿಗೆ ಬೇಕಾದ ಶುಲ್ಕವನ್ನು ವಾದಿ ಕಟ್ಟದೆ ಬಿಟ್ಟಿದ್ದರಿಂದ ಸಮನ್ಸ್ ಮುಟ್ಟದೆ ಹೋದರೆ 2ನೇ ನಿಯಮವೂ ಅದಕ್ಕೇ ಅವಕಾಶ ಕೊಡುತ್ತದೆ. ಈ ಎರಡೂ ಸಂದರ್ಭಗಳಲ್ಲಿ ವಾದಿಗೆ ಎರಡು ದಾರಿಗಳಿವೆ. ಆತ ವಜಾ ಆದೇಶವನ್ನು ರದ್ದುಪಡಿಸಿ ಹಳೆಯ ದಾವೆಯನ್ನೇ ಮತ್ತೆ ಕಡತಕ್ಕೆ ತರುವಂತೆ ಕೇಳಬಹುದು, ಇಲ್ಲವೇ ಕಾಲಮಿತಿ ಉಳಿದಿದ್ದರೆ ಹೊಸದಾಗಿ ದಾವೆ ಹೂಡಬಹುದು; ಆದರೆ ಹೊಸ ದಾವೆಗೆ ಹೊಸದಾಗಿಯೇ ಕೋರ್ಟ್ ಶುಲ್ಕ ಕಟ್ಟಬೇಕು, ಹಳೆಯ ದಾವೆಯಲ್ಲಿ ಕಳೆದ ವರ್ಷಗಳನ್ನು ಕಾಲಮಿತಿಯ ಲೆಕ್ಕದಿಂದ ಬಿಡುವುದೂ ಇಲ್ಲ.

8ನೇ ನಿಯಮ ಇದಕ್ಕಿಂತ ಕಠಿಣವಾದುದು. ಪ್ರತಿವಾದಿ ಹಾಜರಿದ್ದು ವಾದಿ ಮಾತ್ರ ಗೈರಾಗಿದ್ದರೆ, ಪ್ರತಿವಾದಿ ವಾದಿಯ ಕೋರಿಕೆಯನ್ನು ಪೂರ್ತಿಯಾಗಿಯೋ ಭಾಗಶಃವೋ ಒಪ್ಪಿಕೊಂಡ ಸಂದರ್ಭವೊಂದನ್ನು ಬಿಟ್ಟು, ನ್ಯಾಯಾಲಯ ದಾವೆಯನ್ನು ವಜಾ ಮಾಡುತ್ತದೆ. ಆಮೇಲೆ ಅದೇ ವ್ಯಾಜ್ಯಕಾರಣದ ಮೇಲೆ, ಅಂದರೆ ದಾವೆ ಹೂಡುವುದಕ್ಕೆ ಆಧಾರವಾದ ಅದೇ ಸಂಗತಿಗಳ ಮೇಲೆ, ಇನ್ನೊಂದು ದಾವೆ ತರುವುದನ್ನು 9ನೇ ನಿಯಮ ತಡೆಯುತ್ತದೆ. ಆಗ ಉಳಿಯುವುದು ಒಂದೇ ದಾರಿ: ಬಾರದಿರುವುದಕ್ಕೆ ಸಾಕಷ್ಟು ಕಾರಣವಿತ್ತೆಂದು ಅದೇ ನ್ಯಾಯಾಲಯಕ್ಕೆ ಮನವರಿಕೆ ಮಾಡಿಕೊಟ್ಟು ದಾವೆಯನ್ನು ಪುನಃಸ್ಥಾಪಿಸಿಕೊಳ್ಳುವುದು. ಪಾಲಿನ ದಾವೆಗಳ ವಿಷಯದಲ್ಲಿ ಮಾತ್ರ, ಆಸ್ತಿ ಅವಿಭಕ್ತವಾಗಿ ಉಳಿದಿರುವವರೆಗೆ ಪಾಲು ಕೇಳುವ ಕಾರಣವೂ ಮುಂದುವರಿಯುತ್ತದೆ ಎಂಬ ತರ್ಕದಿಂದ, ಎರಡನೆಯ ದಾವೆಗೆ ಈ ತಡೆ ಅಡ್ಡಿಯಾಗದೆಂದು ನ್ಯಾಯಾಲಯಗಳು ಸಾಮಾನ್ಯವಾಗಿ ಒಪ್ಪುತ್ತ ಬಂದಿವೆ. ತವರಿನ ಆಸ್ತಿಯಲ್ಲಿ ಪಾಲು ಕೇಳಿ ದಾವೆ ಹೂಡಿ, ಅಣ್ಣತಮ್ಮಂದಿರ ಒತ್ತಾಯಕ್ಕೋ ಬಸ್ಸಿನ ಖರ್ಚಿಗೋ ಹಿಂಜರಿದು ಪೇಶಿಗೆ ಹೋಗುವುದನ್ನು ಬಿಟ್ಟ ಹೆಣ್ಣುಮಕ್ಕಳು ನೆನಪಿಡಬೇಕಾದ ಸಂಗತಿ ಇದು.

ತಾಲ್ಲೂಕು ನ್ಯಾಯಾಲಯದಲ್ಲಿ ವಜಾ ಆಗುವ ಬಗೆ ಎಲ್ಲೆಡೆ ಹೆಚ್ಚುಕಡಿಮೆ ಒಂದೇ ತೆರನಾಗಿರುತ್ತದೆ. ಬೆಳಿಗ್ಗೆ ಕಲಾಪ ಆರಂಭವಾದಾಗ ಅಂದಿನ ಪಟ್ಟಿಯ ಕ್ರಮದಲ್ಲಿ ದಾವೆಯ ಸಂಖ್ಯೆಯನ್ನೂ ಕಕ್ಷಿದಾರರ ಹೆಸರನ್ನೂ ಸಿಬ್ಬಂದಿ ಬಾಗಿಲಲ್ಲಿ ನಿಂತು ಕೂಗುತ್ತಾರೆ. ಉತ್ತರ ಬಾರದಿದ್ದರೆ ಕಡತವನ್ನು ಪಕ್ಕಕ್ಕಿಟ್ಟು ಮಧ್ಯಾಹ್ನದ ಮೇಲೆ ಮತ್ತೆ ಕೂಗಿಸುವುದು ರೂಢಿ. ಆಗಲೂ ಯಾರೂ ಬಾರದಿದ್ದರೆ ನಡಾವಳಿಯ ಹಾಳೆಯಲ್ಲಿ, ವಾದಿಯನ್ನು ಕೂಗಿಸಲಾಯಿತು, ವಾದಿ ಗೈರು, ವಾದಿಯ ಪರ ಯಾರೂ ಹಾಜರಿಲ್ಲ, ಹಿಂದೆಯೂ ಸಾಕಷ್ಟು ಅವಕಾಶ ಕೊಡಲಾಗಿದೆ, ಆದ್ದರಿಂದ ದಾವೆಯನ್ನು ವಜಾ ಮಾಡಲಾಗಿದೆ ಎಂಬ ಅರ್ಥದ ನಾಲ್ಕೈದು ಸಾಲುಗಳು ಬರುತ್ತವೆ. ಅನೇಕ ವರ್ಷಗಳ ಪಹಣಿಗಳು, ನಕಾಶೆಗಳು, ವಾಟ್ನಿಪತ್ರದ ನಕಲುಗಳು ತುಂಬಿದ ಕಡತವೊಂದು ಈ ನಾಲ್ಕೈದು ಸಾಲುಗಳೊಡನೆ ದಾಖಲೆ ಕೊಠಡಿಗೆ ಹೋಗುತ್ತದೆ. ಅದೇ ದಿನ ವಾದಿ ಪುಣೆಯಲ್ಲೋ ಹೈದರಾಬಾದಿನಲ್ಲೋ ಕಟ್ಟಡದ ಕೆಲಸದಲ್ಲಿ ಇದ್ದಿರಬಹುದು. ಅವನಿಗೆ ಈ ಸಂಗತಿಯನ್ನು ತಿಳಿಸುವ ಹೊಣೆಯನ್ನು ಸಂಹಿತೆಯು ನ್ಯಾಯಾಲಯದ ಮೇಲೆ ಹೊರಿಸಿಲ್ಲ.

ಈ ಮೂರು ತಾಲ್ಲೂಕುಗಳ ಜೀವನಕ್ರಮವನ್ನು ಗಮನಿಸದೆ ಗೈರುಹಾಜರಿಯನ್ನು ಅಲಕ್ಷ್ಯವೆಂದು ತಿಳಿಯುವುದು ತಪ್ಪಾಗುತ್ತದೆ. ಮಳೆಯನ್ನೇ ನಂಬಿದ ತೊಗರಿಯ ಸೀಮೆ ಇದು. ಡಿಸೆಂಬರ್ ಜನವರಿಯಲ್ಲಿ ತೊಗರಿಯ ರಾಶಿ ಮುಗಿದ ಮೇಲೆ, ಬರ ಬಿದ್ದ ವರ್ಷದಲ್ಲಿ ಅದಕ್ಕೂ ಮೊದಲೇ, ಮುಂಬೈ, ಪುಣೆ, ಹೈದರಾಬಾದ್, ಬೆಂಗಳೂರುಗಳಿಗೆ ಕುಟುಂಬಗಳು ಗುಳೆ ಹೋಗುತ್ತವೆ, ಮುಂಗಾರಿಗೆ ಮರಳುತ್ತವೆ. ನ್ಯಾಯಾಲಯದ ತಾರೀಖುಗಳು ಈ ಹೋಗಿಬರುವಿಕೆಯನ್ನು ನೋಡಿ ಗೊತ್ತಾಗುವುದಿಲ್ಲ. ಆಳಂದ ಮತ್ತು ಅಫಜಲಪುರ ತಾಲ್ಲೂಕುಗಳ ಗಡಿ ಮಹಾರಾಷ್ಟ್ರಕ್ಕೆ ಹೊಂದಿಕೊಂಡಿರುವುದರಿಂದ ಅಲ್ಲಿನ ಜನ ಆಸ್ಪತ್ರೆಗೂ ವ್ಯಾಪಾರಕ್ಕೂ ಸೊಲ್ಲಾಪುರದ ಕಡೆ ಹೋಗುವುದು ಸಹಜ. ಭೀಮಾ ನದಿಯಂತೂ ಅಫಜಲಪುರ ಮತ್ತು ಜೇವರ್ಗಿ ತಾಲ್ಲೂಕುಗಳನ್ನು ಬಳಸಿ ಹರಿಯುತ್ತದೆ. 2020ರ ಅಕ್ಟೋಬರ್‌ನಲ್ಲಿ ಮಳೆಯ ಜೊತೆಗೆ ಮಹಾರಾಷ್ಟ್ರದ ಉಜನಿ ಜಲಾಶಯದಿಂದ ಬಿಟ್ಟ ನೀರೂ ಸೇರಿ ಸೊನ್ನ ಬ್ಯಾರೇಜಿನ ಕೆಳಗಿನ ಊರುಗಳಿಗೆ ನೆರೆ ನುಗ್ಗಿದಾಗ ರಸ್ತೆಗಳೇ ಮುಳುಗಿದ್ದವು. ಅಂಥ ವಾರದಲ್ಲಿ ಪೇಶಿಯ ದಿನ ಬಿದ್ದವರು ನ್ಯಾಯಾಲಯಕ್ಕೆ ಬರುವುದಾದರೂ ಹೇಗೆ?

ಮೇಲಿನ ನ್ಯಾಯಾಲಯಗಳ ದೂರ ಇನ್ನೊಂದು ಬಗೆಯ ಕಷ್ಟವಾಗಿತ್ತು. ಈ ಪ್ರದೇಶ ನಿಜಾಮರ ಹೈದರಾಬಾದ್ ಸಂಸ್ಥಾನದಲ್ಲಿದ್ದಾಗ ಬೇರೆಯೇ ಪ್ರಕ್ರಿಯಾ ಕಾನೂನು ನಡೆಯುತ್ತಿತ್ತು. 1908ರ ಸಂಹಿತೆ ಇಲ್ಲಿಗೆ ಅನ್ವಯವಾದದ್ದು 1951ರ ಏಪ್ರಿಲ್ 1ರಿಂದ. 1956ರ ನವೆಂಬರ್ 1ರಂದು ಜಿಲ್ಲೆ ಅಂದಿನ ಮೈಸೂರು ರಾಜ್ಯಕ್ಕೆ ಸೇರಿದಾಗ ಭಾಷೆ ಒಂದಾಯಿತು, ಆಡಳಿತ ಒಂದಾಯಿತು, ಆದರೆ ಹೈಕೋರ್ಟ್ ಮಾತ್ರ ದೂರ ಸರಿಯಿತು. ಕಲಬುರಗಿಯಿಂದ ಸುಮಾರು 220 ಕಿಲೊಮೀಟರ್ ದೂರದ ಹೈದರಾಬಾದಿನ ಬದಲು ಸುಮಾರು 600 ಕಿಲೊಮೀಟರ್ ದೂರದ ಬೆಂಗಳೂರಿಗೆ ಮೇಲ್ಮನವಿ ಒಯ್ಯಬೇಕಾಯಿತು. ಅರ್ಧ ಶತಮಾನಕ್ಕೂ ಹೆಚ್ಚು ಕಾಲ ಆಳಂದದ ರೈತನೊಬ್ಬ ತನ್ನ ಎರಡನೆಯ ಮೇಲ್ಮನವಿಯ ಗತಿಯೇನೆಂದು ತಿಳಿಯಲು ರಾತ್ರಿಯ ರೈಲು ಹಿಡಿಯಬೇಕಿತ್ತು. ವಕೀಲರ ಮತ್ತು ಜನರ ದೀರ್ಘ ಹೋರಾಟದ ಫಲವಾಗಿ 2008ರ ಜುಲೈಯಲ್ಲಿ ಕಲಬುರಗಿಯಲ್ಲೇ ಹೈಕೋರ್ಟಿನ ಸಂಚಾರಿ ಪೀಠ ಆರಂಭವಾಗಿ, 2013ರ ಆಗಸ್ಟ್‌ನಲ್ಲಿ ಅದು ಕಾಯಂ ಪೀಠವಾದ ಮೇಲೆ ಬೆಳಗಿನ ಬಸ್ಸಿಗೆ ಹೋಗಿ ಸಂಜೆಗೆ ಮರಳುವುದು ಸಾಧ್ಯವಾಗಿದೆ. ಗೈರುಹಾಜರಿಯ ಕಾರಣಗಳಲ್ಲಿ ಒಂದನ್ನು ಬೇರುಸಹಿತ ತೆಗೆದ ಕ್ರಮವೆಂದರೆ ಇದೇ. ಕಾನೂನಿನ ಒಂದು ಅಕ್ಷರವನ್ನೂ ತಿದ್ದದೆ ಅದು ಜನರಿಗೆ ಮಾಡಿದ ಉಪಕಾರ ದೊಡ್ಡದು.

ವಜಾ ಆದ ದಾವೆಯನ್ನು ಮರಳಿ ಪಡೆಯುವ ಅರ್ಜಿಗೆ ಇರುವ ಗಡುವು ಮೂವತ್ತು ದಿನ. 1963ರ ಕಾಲಮಿತಿ ಅಧಿನಿಯಮದ ಅನುಸೂಚಿಯ 122ನೇ ಅನುಚ್ಛೇದ ಇದನ್ನು ಹೇಳುತ್ತದೆ, ಮತ್ತು ಆ ಮೂವತ್ತು ದಿನಗಳ ಎಣಿಕೆ ವಜಾ ಆದ ದಿನದಿಂದಲೇ ಶುರುವಾಗುತ್ತದೆ. ಇದರ ಪಕ್ಕದಲ್ಲೇ ಇರುವ 123ನೇ ಅನುಚ್ಛೇದವನ್ನು ಜೊತೆಯಲ್ಲಿಟ್ಟು ಓದಿದರೆ ಕಾನೂನಿನ ಒಂದು ಊಹೆ ಬಯಲಾಗುತ್ತದೆ. ಪ್ರತಿವಾದಿ ಬಾರದಿದ್ದಾಗ ಅವನ ವಿರುದ್ಧ ಆಗುವ ಏಕಪಕ್ಷೀಯ ಡಿಕ್ರಿಯನ್ನು, ಅಂದರೆ ಒಂದೇ ಕಡೆಯ ಮಾತು ಕೇಳಿ ಕೊಟ್ಟ ಡಿಕ್ರಿಯನ್ನು, ರದ್ದುಪಡಿಸಲು ಕೇಳುವ ಅರ್ಜಿಗೂ ಮೂವತ್ತೇ ದಿನ. ಆದರೆ ಅವನಿಗೆ ಸಮನ್ಸ್ ಸರಿಯಾಗಿ ಮುಟ್ಟಿರದಿದ್ದರೆ ಆ ಎಣಿಕೆ ಡಿಕ್ರಿಯ ಸಂಗತಿ ಅವನಿಗೆ ತಿಳಿದ ದಿನದಿಂದ ಆರಂಭವಾಗುತ್ತದೆ. ಪ್ರತಿವಾದಿಗೆ ತಿಳಿವಿನ ದಿನ, ವಾದಿಗೆ ಆದೇಶದ ದಿನ ಎಂಬ ಈ ವ್ಯತ್ಯಾಸದ ಹಿಂದಿರುವ ತರ್ಕ ಸರಳವಾದುದು: ದಾವೆಯನ್ನು ತಂದವನೇ ವಾದಿ, ಆದ್ದರಿಂದ ತನ್ನ ದಾವೆಯ ತಾರೀಖು ಯಾವುದೆಂದು, ಅಂದು ಏನಾಯಿತೆಂದು ಅವನಿಗೆ ಗೊತ್ತಿದ್ದೇ ಇರುತ್ತದೆ.

ಪಟ್ಟಣದ ವ್ಯಾಪಾರಿಗೆ ಈ ಊಹೆ ಒಪ್ಪಬಹುದು. ಜೇವರ್ಗಿ ತಾಲ್ಲೂಕಿನ ಒಳಹಳ್ಳಿಯಿಂದ ಗುಳೆ ಹೋದ ಕೂಲಿಗೆ ಇದು ಒಪ್ಪುವುದಿಲ್ಲ. ಅಲ್ಲಿ ದಾವೆಯ ತಾರೀಖು ಗೊತ್ತಿರುವುದು ವಕೀಲರಿಗೆ ಮತ್ತು ಅವರ ಗುಮಾಸ್ತರಿಗೆ; ಕಕ್ಷಿದಾರನಿಗೆ ಗೊತ್ತಾಗುವುದು ಅವರು ಹೇಳಿದಾಗ, ಅದೂ ಫೋನ್ ಸಂಖ್ಯೆ ಬದಲಾಗದೆ ಉಳಿದಿದ್ದರೆ. ಸಮನ್ಸ್ ಮುಟ್ಟದ ಪ್ರತಿವಾದಿಯೂ ವಜಾ ಸುದ್ದಿ ಮುಟ್ಟದ ವಾದಿಯೂ ತಿಳಿವಿನ ದೃಷ್ಟಿಯಿಂದ ಒಂದೇ ಸ್ಥಿತಿಯಲ್ಲಿರುವಾಗ, ಒಬ್ಬನಿಗೆ ಕಾನೂನಿನಿಂದಲೇ ದೊರೆಯುವುದು ಇನ್ನೊಬ್ಬನಿಗೆ ನ್ಯಾಯಾಧೀಶರ ವಿವೇಚನೆಯಿಂದ ಮಾತ್ರ ದೊರೆಯಬೇಕೆಂಬುದು ಸರಿಯಾದ ಹಂಚಿಕೆಯಲ್ಲ. ಗೈರುಹಾಜರಿಯ ವಜಾ ಕುರಿತ ಇಡೀ ಕಾನೂನಿನಲ್ಲಿ ತಿದ್ದುಪಡಿಗೆ ಯೋಗ್ಯವಾದ ಜಾಗ ಯಾವುದೆಂದರೆ ಇದನ್ನೇ ತೋರಿಸಬೇಕು.

ಆ ವಿವೇಚನೆಗೆ ದಾರಿ ಮಾಡಿಕೊಡುವುದು ಕಾಲಮಿತಿ ಅಧಿನಿಯಮದ 5ನೇ ಕಲಮು. ಗಡುವಿನೊಳಗೆ ಬಾರದಿರುವುದಕ್ಕೆ ಸಾಕಷ್ಟು ಕಾರಣವಿತ್ತೆಂದು ತೋರಿಸಿದರೆ ವಿಳಂಬವನ್ನು ಮನ್ನಾ ಮಾಡುವ ಅಧಿಕಾರವನ್ನು ಅದು ನ್ಯಾಯಾಲಯಕ್ಕೆ ಕೊಡುತ್ತದೆ. ಆದ್ದರಿಂದ ತಡವಾಗಿ ಎಚ್ಚೆತ್ತ ಕಕ್ಷಿದಾರ ಎರಡು ಅರ್ಜಿಗಳನ್ನು ಹಾಕಬೇಕಾಗುತ್ತದೆ: ದಾವೆಯ ಪುನಃಸ್ಥಾಪನೆಗೆ ಒಂದು, ವಿಳಂಬದ ಮನ್ನಾಕ್ಕೆ ಇನ್ನೊಂದು, ಎರಡಕ್ಕೂ ಪ್ರಮಾಣಪತ್ರ ಬೇಕು. ಸಾಕಷ್ಟು ಕಾರಣ ಎಂದರೇನೆಂದು ಕಾನೂನು ಪಟ್ಟಿಮಾಡಿಲ್ಲ, ಪಟ್ಟಿಮಾಡದಿರುವುದೇ ಒಳ್ಳೆಯದು. ಕಾರ್ಯವಿಧಾನದ ಸಂಹಿತೆಯು ನ್ಯಾಯವನ್ನು ಸುಗಮಗೊಳಿಸಲು ಇರುವುದೇ ಹೊರತು ಜನರನ್ನು ದಂಡಿಸಲು ಅಲ್ಲ ಎಂಬ ನಿಲುವನ್ನು ನ್ಯಾಯಮೂರ್ತಿ ವಿವಿಯನ್ ಬೋಸ್ ಅವರು 1955ರ ಸಂಗ್ರಾಮ್ ಸಿಂಗ್ ಪ್ರಕರಣದಲ್ಲಿ ಸ್ಥಾಪಿಸಿದರು; ವಿಳಂಬದ ವಿಷಯದಲ್ಲಿ ಉದಾರ ದೃಷ್ಟಿ ಬೇಕೆಂಬುದನ್ನು 1987ರ ಕಾತಿಜಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ವಿವರವಾಗಿ ಹೇಳಿತು. ಬೇಕೆಂದೇ ತಡಮಾಡಿ ಯಾವ ಕಕ್ಷಿದಾರನೂ ಲಾಭ ಪಡೆಯುವುದಿಲ್ಲ, ತಡದಿಂದ ಅವನೇ ಅಪಾಯಕ್ಕೆ ಸಿಕ್ಕುತ್ತಾನೆ ಎಂಬುದು ಆ ತೀರ್ಪಿನ ತಿರುಳುಗಳಲ್ಲೊಂದು.

ಉದಾರ ದೃಷ್ಟಿ ಇದೆಯೆಂದ ಮಾತ್ರಕ್ಕೆ ಬರಿಯ ಮಾತು ಸಾಲದು. ಕಾಯಿಲೆಯಾಗಿತ್ತೆಂದು ಬರೆದರೆ ಯಾವ ಕಾಯಿಲೆ, ಯಾವ ಆಸ್ಪತ್ರೆ, ಎಂದಿನಿಂದ ಎಂದಿನವರೆಗೆ ಎಂಬುದನ್ನು ಹೇಳಬೇಕು, ಚೀಟಿಯನ್ನು ಜೊತೆಗಿಡಬೇಕು. ಗುಳೆ ಹೋಗಿದ್ದರೆ ಹೋದ ಊರು, ಕೆಲಸದ ಜಾಗ, ಮರಳಿದ ದಿನ, ವಜಾ ಸಂಗತಿ ಗೊತ್ತಾದ ದಿನ ಮತ್ತು ಗೊತ್ತಾದ ಬಗೆ ಇವಿಷ್ಟನ್ನೂ ಪ್ರಮಾಣಪತ್ರದಲ್ಲಿ ಬರೆಯಿಸಬೇಕು. ಎಲ್ಲರ ಅರ್ಜಿಯಲ್ಲೂ ಒಂದೇ ಒಕ್ಕಣೆಯಲ್ಲಿ ಬರುವ ‘ಕಾಮಾಲೆಯಿಂದ ಬಳಲುತ್ತಿದ್ದೆ’ ಎಂಬ ವಾಕ್ಯಕ್ಕಿಂತ, ಬೇರೆ ರಾಜ್ಯದಲ್ಲಿ ಕಟ್ಟಡ ಕೆಲಸಕ್ಕೆ ಹೋಗಿದ್ದ ನಿಜವನ್ನು ಇದ್ದಂತೆ ಹೇಳಿದ ಪ್ರಮಾಣಪತ್ರ ಹೆಚ್ಚು ಬಲವಾಗಿ ನಿಲ್ಲುತ್ತದೆ. ಹಳ್ಳಿಯ ಕಕ್ಷಿದಾರರ ನಿಜವಾದ ಕಷ್ಟಗಳನ್ನು ಬದಿಗಿಟ್ಟು ಸಿದ್ಧ ಒಕ್ಕಣೆಯನ್ನು ತುಂಬುವ ಅಭ್ಯಾಸ ಅವರಿಗೆ ಮಾಡುವ ಅನ್ಯಾಯವೇ ಸರಿ. ಈ ಅರ್ಜಿಯೂ ಅರ್ಜಿದಾರನ ಗೈರುಹಾಜರಿಯಿಂದ ವಜಾ ಆಗಬಹುದೆಂಬುದನ್ನು, ಆಗ ಅದರ ಪುನಃಸ್ಥಾಪನೆಗೆ ಮತ್ತೊಂದು ಅರ್ಜಿ ಬೇಕಾಗುತ್ತದೆಂಬುದನ್ನು ಮರೆಯುವಂತಿಲ್ಲ. 9ನೇ ನಿಯಮದಡಿಯ ಪುನಃಸ್ಥಾಪನೆಯ ಅರ್ಜಿ ತಿರಸ್ಕೃತವಾದರೆ 43ನೇ ಆದೇಶದ 1ನೇ ನಿಯಮದಡಿ ಮೇಲಿನ ನ್ಯಾಯಾಲಯಕ್ಕೆ ಮೇಲ್ಮನವಿ ಸಲ್ಲಿಸುವ ಹಕ್ಕಿದೆ.

ತಪ್ಪು ವಕೀಲರದಾದರೆ ಅದರ ಫಲವನ್ನು ಕಕ್ಷಿದಾರ ಉಣ್ಣಬೇಕೆ ಎಂಬ ಪ್ರಶ್ನೆಯನ್ನು ಸುಪ್ರೀಂ ಕೋರ್ಟ್ ಎರಡು ಸಂದರ್ಭಗಳಲ್ಲಿ ಎರಡು ಬಗೆಯಾಗಿ ಉತ್ತರಿಸಿದೆ, ಮತ್ತು ಆ ಎರಡನ್ನೂ ಒಟ್ಟಿಗೆ ನೋಡಿದಾಗಲೇ ಅದರ ಮನಸ್ಸು ತಿಳಿಯುತ್ತದೆ. 1981ರ ರಫೀಕ್ ವಿರುದ್ಧ ಮುನ್ಶಿಲಾಲ್ ಪ್ರಕರಣದಲ್ಲಿ ವಕೀಲರು ಹಾಜರಾಗದ ಕಾರಣ ಮೇಲ್ಮನವಿ ಬಿದ್ದುಹೋಗಿತ್ತು. ವಕೀಲರನ್ನು ಗೊತ್ತುಮಾಡಿ, ಶುಲ್ಕ ಕೊಟ್ಟು, ಹೇಳಬೇಕಾದುದನ್ನು ಹೇಳಿ ಊರಿಗೆ ಮರಳಿದ ಹಳ್ಳಿಯ ಮನುಷ್ಯ ತನ್ನ ಪಾಲಿನ ಕೆಲಸವನ್ನೆಲ್ಲ ಮುಗಿಸಿರುತ್ತಾನೆ, ವಕೀಲರು ನ್ಯಾಯಾಲಯಕ್ಕೆ ಬಂದರೋ ಇಲ್ಲವೋ ಎಂದು ಕಾವಲು ಕಾಯುವುದು ಅವನ ಕೆಲಸವಲ್ಲ ಎಂಬ ಭಾವದಿಂದ ನ್ಯಾಯಮೂರ್ತಿ ಡಿ.ಎ. ದೇಸಾಯಿ ಅವರು ಆ ಮೇಲ್ಮನವಿಗೆ ಮರುಜೀವ ಕೊಟ್ಟರು. ಹನ್ನೆರಡು ವರ್ಷಗಳ ತರುವಾಯ 1993ರ ಸಲಿಲ್ ದತ್ತ ಪ್ರಕರಣದಲ್ಲಿ, ಕಲ್ಕತ್ತಾದ ಖಾಸಗಿ ಕಂಪನಿಯೊಂದು ತನ್ನ ವಕೀಲರ ಸಲಹೆಯಿಂದಲೇ ತಾನು ಹಾಜರಾಗಲಿಲ್ಲವೆಂದು ವಾದಿಸಿದಾಗ, ನ್ಯಾಯಾಲಯ ಅದನ್ನು ಒಪ್ಪಲಿಲ್ಲ. ತಿಳಿವಳಿಕೆಯೂ ಅನುಕೂಲವೂ ಇರುವ ಕಂಪನಿ ರಫೀಕ್ ಪ್ರಕರಣದ ಆಶ್ರಯ ಪಡೆಯಲಾಗದೆಂದು ಹೇಳಿತು. ಎಂದರೆ, ವಕೀಲರ ತಪ್ಪನ್ನು ಕ್ಷಮಿಸುವಾಗ ನ್ಯಾಯಾಲಯ ನೋಡುವುದು ಕಕ್ಷಿದಾರನಿಗೆ ಆ ತಪ್ಪನ್ನು ತಿಳಿಯುವ, ತಡೆಯುವ ಶಕ್ತಿ ಎಷ್ಟಿತ್ತು ಎಂಬುದನ್ನು. ಅಫಜಲಪುರದ ಕೃಷಿ ಕೂಲಿಯ ಅರ್ಜಿಯನ್ನೂ ಕಲಬುರಗಿಯ ಸಂಸ್ಥೆಯೊಂದರ ಅರ್ಜಿಯನ್ನೂ ಒಂದೇ ಕೋಲಿನಿಂದ ಅಳೆಯಬಾರದೆಂಬುದಕ್ಕೆ ಇದಕ್ಕಿಂತ ಸ್ಪಷ್ಟವಾದ ಆಧಾರ ಬೇಕಿಲ್ಲ.

ಇಷ್ಟು ಹೇಳುವಾಗ ಎದುರುಪಕ್ಷದವರ ಪಾಡನ್ನು ಮರೆಯಬಾರದು. ಪ್ರತಿವಾದಿಯೂ ಬಹಳ ಸಲ ಬಡವನೇ. ವಾದಿ ಬಾರದ ತಾರೀಖುಗಳಿಗೂ ಅವನು ದಿನದ ಕೂಲಿ ಬಿಟ್ಟು ಬಂದು ಕೂರುತ್ತಾನೆ, ಹೊಲದ ಮೇಲೆ ದಾವೆ ಇದೆಯೆಂಬ ಕಾರಣಕ್ಕೆ ಸಾಲ ಸಿಗದೆ ಒದ್ದಾಡುತ್ತಾನೆ. ಅಣ್ಣತಮ್ಮಂದಿರ ನಡುವೆ ಹಗೆ ಸಾಧಿಸಲು ದಾವೆ ಹೂಡಿ, ತಡೆಯಾಜ್ಞೆ ಪಡೆದು, ಆಮೇಲೆ ವರ್ಷಗಟ್ಟಲೆ ಸಾಕ್ಷ್ಯ ಕೊಡದೆ ಎಳೆಯುವವರೂ ಇದ್ದಾರೆ. ಅಂಥವರ ದಾವೆಯನ್ನು ವಜಾ ಮಾಡದೆ ನ್ಯಾಯಾಲಯಕ್ಕೆ ಬೇರೆ ದಾರಿ ಇರುವುದಿಲ್ಲ. ಪುನಃಸ್ಥಾಪನೆಯ ಆದೇಶ ಕೊಡುವಾಗ ವಾದಿಯಿಂದ ಖರ್ಚು ಕೊಡಿಸುವ ಅಧಿಕಾರವನ್ನು ಸಂಹಿತೆ ಕೊಟ್ಟಿರುವುದು ಇದಕ್ಕಾಗಿಯೇ. ಆ ಮೊತ್ತವನ್ನು ಯಾವುದೋ ನಿಧಿಗೆ ಕಟ್ಟಿಸುವುದಕ್ಕಿಂತ ಕೂಲಿ ಕಳೆದುಕೊಂಡು ಬಂದು ಕೂತ ಪ್ರತಿವಾದಿಯ ಕೈಗೇ ಕೊಡಿಸುವುದು ಹೆಚ್ಚು ನ್ಯಾಯ.

ವಜಾ ಮತ್ತು ಪುನಃಸ್ಥಾಪನೆಯ ನಡುವಿನ ಕಾಲ ಹಳ್ಳಿಯಲ್ಲಿ ಅತ್ಯಂತ ಅಪಾಯದ ಕಾಲ. ದಾವೆ ವಜಾ ಆದೊಡನೆ ಅದರೊಳಗಿನ ಮಧ್ಯಂತರ ತಡೆಯಾಜ್ಞೆಯೂ ನಿಂತುಹೋಗುತ್ತದೆ. ಅಲ್ಲಿಯವರೆಗೆ ಸುಮ್ಮನಿದ್ದವರು ಬದು ಒಡೆದು ಟ್ರ್ಯಾಕ್ಟರ್ ಹಾಯಿಸುವುದಕ್ಕೆ, ಬೆಳೆದ ಬೆಳೆಯನ್ನು ಕಟಾವು ಮಾಡಿಕೊಳ್ಳುವುದಕ್ಕೆ ಆ ತಡೆಯಾಜ್ಞೆಯ ಅಡ್ಡಿ ಇರುವುದಿಲ್ಲ. ದಾವೆ ಪುನಃಸ್ಥಾಪನೆಯಾದಾಗ, ನ್ಯಾಯಾಲಯ ಬೇರೆಯಾಗಿ ಹೇಳದಿದ್ದರೆ, ಹಿಂದಿನ ಮಧ್ಯಂತರ ಆದೇಶಗಳೂ ಮರಳಿ ಜೀವ ಪಡೆಯುತ್ತವೆಂದು 2004ರ ವರೀದ್ ಜೇಕಬ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಬಹುಮತದಿಂದ ತೀರ್ಮಾನಿಸಿದೆ. ಆದರೆ ನಡುವೆ ಹೋದ ಬೆಳೆ ಆ ತೀರ್ಪಿನಿಂದ ಮರಳುವುದಿಲ್ಲ. ಆದ್ದರಿಂದ ಮೂವತ್ತು ದಿನ ಇದೆಯಲ್ಲ ಎಂದು ಇಪ್ಪತ್ತೊಂಬತ್ತನೆಯ ದಿನದವರೆಗೆ ಕಾಯುವುದು, ತಡೆಯಾಜ್ಞೆ ಇರುವ ದಾವೆಗಳಲ್ಲಿ, ಹೊಲವನ್ನೇ ಪಣಕ್ಕೊಡ್ಡಿದಂತೆ.

ಗೈರುಹಾಜರಿಯ ವಜಾದಂತೆಯೇ ಕಾಣುವ, ಆದರೆ ಪರಿಹಾರ ಬೇರೆಯಾದ ಎರಡು ಸನ್ನಿವೇಶಗಳಿವೆ. ಸಾಕ್ಷ್ಯದ ಹಂತಕ್ಕೆ ಬಂದ ದಾವೆಯಲ್ಲಿ, ಕಕ್ಷಿದಾರನ ಸಾಕ್ಷ್ಯದ ಹೆಚ್ಚಿನ ಭಾಗ ದಾಖಲಾದ ಮೇಲೆ ಆತ ಗೈರಾದರೆ, 17ನೇ ಆದೇಶದಡಿ ನ್ಯಾಯಾಲಯ ಅವನು ಹಾಜರಿದ್ದಂತೆಯೇ ಭಾವಿಸಿ ಪ್ರಕರಣವನ್ನು ಗುಣಾವಗುಣಗಳ ಮೇಲೆ ತೀರ್ಮಾನಿಸಬಹುದು. ಆಗ ಹೊರಬೀಳುವುದು ನಿಜವಾದ ಡಿಕ್ರಿ. ಅದರ ವಿರುದ್ಧ ಮೇಲ್ಮನವಿ ಹೋಗಬೇಕೇ ಹೊರತು ಪುನಃಸ್ಥಾಪನೆಯ ಅರ್ಜಿ ಕೂಡದು. ಆದೇಶದ ದೃಢೀಕೃತ ನಕಲನ್ನು ತೆಗೆದು, ಅದು ಯಾವ ನಿಯಮದಡಿ ಆಗಿದೆ ಎಂಬುದನ್ನು ಓದಿಸಿಕೊಳ್ಳದೆ ಹೆಜ್ಜೆ ಇಡುವವರು ತಪ್ಪು ಬಾಗಿಲು ತಟ್ಟಿ ತಿಂಗಳುಗಳನ್ನು ಕಳೆದುಕೊಳ್ಳುತ್ತಾರೆ. ಇನ್ನೊಂದು ಸನ್ನಿವೇಶ ಕಕ್ಷಿದಾರನ ಮರಣ. ಮುದುಕ ತಂದೆ ಹೂಡಿದ ದಾವೆ ನಡೆಯುತ್ತಿರುವಾಗಲೇ ಆತ ತೀರಿಕೊಂಡರೆ, ತೊಂಬತ್ತು ದಿನಗಳೊಳಗೆ ವಾರಸುದಾರರು ದಾಖಲೆಗೆ ಬರಬೇಕು. ಬಾರದಿದ್ದರೆ ದಾವೆ ತಾನಾಗಿಯೇ ಉಪಶಮನವಾಗುತ್ತದೆ, ಅಂದರೆ ನಡೆಸುವವರಿಲ್ಲದೆ ನಂದಿಹೋಗುತ್ತದೆ. ಅದನ್ನು ರದ್ದುಪಡಿಸಲು ಮತ್ತೆ ಅರವತ್ತು ದಿನಗಳ ಅವಕಾಶವಿದೆ. ವಕೀಲರಿಗೆ ತಮ್ಮ ಕಕ್ಷಿದಾರ ತೀರಿಕೊಂಡ ಸಂಗತಿ ತಿಳಿದರೆ ನ್ಯಾಯಾಲಯಕ್ಕೆ ತಿಳಿಸುವ ಹೊಣೆ ಅವರ ಮೇಲಿದೆ, ಆದರೆ ವಕೀಲರಿಗೆ ತಿಳಿಸಬೇಕಾದವರು ಮನೆಯವರೇ. ದಿನ, ತಿಥಿಗಳ ನಡುವೆ ದಾವೆಯ ನೆನಪು ಯಾರಿಗಾದರೂ ಇರಬೇಕು.

ಎಲ್ಲ ಬಗೆಯ ಪ್ರಕರಣಗಳನ್ನೂ ಗೈರುಹಾಜರಿಗಾಗಿ ವಜಾ ಮಾಡಲು ಬರುವುದಿಲ್ಲ ಎಂಬುದು ಈ ಸೀಮೆಗೆ ವಿಶೇಷವಾಗಿ ಸಂಬಂಧಿಸಿದ ಮಾತು. ಆಳಂದ ತಾಲ್ಲೂಕಿನ ಕೊರಳ್ಳಿ ಬಳಿಯ ಅಮರ್ಜಾ ಜಲಾಶಯ, ಅಫಜಲಪುರ ತಾಲ್ಲೂಕಿನ ಸೊನ್ನದ ಭೀಮಾ ಏತ ನೀರಾವರಿ, ಜೇವರ್ಗಿಗೆ ಕೃಷ್ಣೆಯ ನೀರು ತರುವ ಶಾಖಾ ಕಾಲುವೆ, ಹೀಗೆ ಮೂರೂ ತಾಲ್ಲೂಕುಗಳಲ್ಲಿ ಸಾರ್ವಜನಿಕ ಯೋಜನೆಗಳಿಗೆ ರೈತರು ಭೂಮಿ ಬಿಟ್ಟುಕೊಟ್ಟಿದ್ದಾರೆ. ಅಧಿಕಾರಿ ನಿಗದಿಪಡಿಸಿದ ಪರಿಹಾರ ಸಾಲದೆಂದು ಕಂಡರೆ, 1894ರ ಭೂಸ್ವಾಧೀನ ಅಧಿನಿಯಮದ 18ನೇ ಕಲಮಿನಡಿ ಪ್ರಕರಣವನ್ನು ಸಿವಿಲ್ ನ್ಯಾಯಾಲಯಕ್ಕೆ ಒಪ್ಪಿಸುವಂತೆ ಕೇಳುವ ಹಕ್ಕು ಅವರಿಗಿತ್ತು. ಹಾಗೆ ಒಪ್ಪಿಸಲಾದ ಪ್ರಕರಣದಲ್ಲಿ ರೈತ ಗೈರಾದರೂ ನ್ಯಾಯಾಲಯ ಅದನ್ನು ವಜಾ ಮಾಡುವಂತಿಲ್ಲ, ದಾಖಲೆಯಲ್ಲಿ ಇರುವುದನ್ನು ನೋಡಿ ಐತೀರ್ಪು ಕೊಡಲೇಬೇಕು ಎಂದು 2002ರ ಖಜಾನ್ ಸಿಂಗ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಪ್ರಕರಣವನ್ನು ಅಲ್ಲಿಗೆ ತಂದವನು ಅ‍ಧಿಕಾರಿಯೇ ಹೊರತು ರೈತ ವಾದಿಯಾಗಿ ದಾವೆ ಹೂಡಿದವನಲ್ಲ, ಮತ್ತು ಅವನ ಭೂಮಿ ಆಗಲೇ ಹೋಗಿರುತ್ತದೆ. ಗೈರಾದ ಕಾರಣಕ್ಕೆ ಬೆಲೆಯ ಪ್ರಶ್ನೆಯನ್ನೇ ಕೇಳದೆ ಬಿಡುವುದು ಯಾವ ದೃಷ್ಟಿಯಿಂದಲೂ ತರವಲ್ಲ.

ಮೇಲ್ಮನವಿಗಳಲ್ಲಿ ನಿಯಮ ನಡುವಿನದು. ಮೇಲ್ಮನವಿದಾರ ಗೈರಾದರೆ ಸಿವಿಲ್ ಮೇಲ್ಮನವಿಯನ್ನು ವಜಾ ಮಾಡಬಹುದು, ಆದರೆ ಅವನಿಲ್ಲದಾಗ ಗುಣಾವಗುಣಗಳ ಮೇಲೆ ತೀರ್ಪು ಬರೆದು ವಜಾ ಮಾಡಕೂಡದು. 1976ರ ತಿದ್ದುಪಡಿ 41ನೇ ಆದೇಶದ 17ನೇ ನಿಯಮಕ್ಕೆ ಸೇರಿಸಿದ ವಿವರಣೆ ಇದನ್ನು ನಿಸ್ಸಂದೇಹಗೊಳಿಸಿದೆ. ಶಿಕ್ಷೆಗೆ ಒಳಗಾದವನ ಕ್ರಿಮಿನಲ್ ಮೇಲ್ಮನವಿಯನ್ನಾದರೋ ಗೈರುಹಾಜರಿಗಾಗಿ ವಜಾ ಮಾಡಲೇಬಾರದು, ಕಡತ ಓದಿ ತೀರ್ಮಾನಿಸಬೇಕೆಂದು 1996ರ ಬಾನಿ ಸಿಂಗ್ ಪ್ರಕರಣ ಹೇಳಿದೆ. ಖಾಸಗಿ ಫಿರ್ಯಾದುಗಳಲ್ಲಿ, ಅದರಲ್ಲೂ ಚೆಕ್ ಅಮಾನ್ಯವಾದ ಪ್ರಕರಣಗಳಲ್ಲಿ, ಪರಿಸ್ಥಿತಿ ತಿರುಗುಮುರುಗು: ಫಿರ್ಯಾದಿ ಬಾರದಿದ್ದರೆ ಆರೋಪಿ ಖುಲಾಸೆಯಾಗುತ್ತಾನೆ, ಆ ಆದೇಶವನ್ನು ಮ್ಯಾಜಿಸ್ಟ್ರೇಟರು ತಾವೇ ಹಿಂತೆಗೆದುಕೊಳ್ಳಲಾರರು, ಮೇಲಿನ ನ್ಯಾಯಾಲಯಕ್ಕೇ ಹೋಗಬೇಕು.

ಈ ಕೊನೆಯ ಬಗೆಯ ಪ್ರಕರಣಗಳಲ್ಲೇ ಒಂದು ಮಹತ್ತ್ವದ ಬದಲಾವಣೆ ಆಗಿದೆ. 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 279ನೇ ಕಲಮು, ಫಿರ್ಯಾದಿ ಬಾರದಿದ್ದರೆ ಅವನಿಗೆ ಹಾಜರಾಗಲು ಮೂವತ್ತು ದಿನಗಳ ಕಾಲಾವಕಾಶ ಕೊಟ್ಟ ತರುವಾಯವೇ ಆರೋಪಿಯನ್ನು ಖುಲಾಸೆ ಮಾಡಬೇಕೆಂದು ವಿಧಿಸಿದೆ. ಹಿಂದಿನ ದಂಡ ಪ್ರಕ್ರಿಯಾ ಸಂಹಿತೆಯಲ್ಲಿ ಈ ಅವಕಾಶ ಇರಲಿಲ್ಲ. ಹಣದ ಫಿರ್ಯಾದಿಗೆ ಕೊಟ್ಟ ಈ ಸೌಲಭ್ಯ ಭೂಮಿಯ ವಾದಿಗೆ ಸಿಗದಿರಲು ಒಪ್ಪತಕ್ಕ ಕಾರಣವಿಲ್ಲ.

ಸದ್ಯಕ್ಕೆ ಇರುವ ಅನುಕೂಲಗಳು ಕೆಲವು. ಪ್ರತಿ ಪ್ರಕರಣಕ್ಕೂ ಸಿಎನ್‌ಆರ್ ಎಂಬ ಹದಿನಾರು ಅಂಕಿ ಅಕ್ಷರಗಳ ಗುರುತಿನ ಸಂಖ್ಯೆ ಇರುತ್ತದೆ. ಅದನ್ನು ವಕೀಲರಿಂದ ಬರೆಸಿಕೊಂಡರೆ ಇ-ಕೋರ್ಟ್ಸ್ ಆ್ಯಪ್‌ನಲ್ಲಿ ಪುಣೆಯಿಂದಲೂ ಮುಂದಿನ ತಾರೀಖನ್ನು ನೋಡಬಹುದು, ಓದಲು ಬಾರದವರಿಗೆ ಮಕ್ಕಳು ನೋಡಿ ಹೇಳಬಹುದು. ತಾಲ್ಲೂಕು ಕಾನೂನು ಸೇವಾ ಸಮಿತಿಯಿಂದ ಮಹಿಳೆಯರಿಗೆ, ಪರಿಶಿಷ್ಟ ಜಾತಿ ಮತ್ತು ಪಂಗಡಗಳವರಿಗೆ, ಅಂಗವಿಕಲರಿಗೆ, ನೆರೆ ಅಥವಾ ಬರಕ್ಕೆ ಸಿಕ್ಕಿ ನೊಂದವರಿಗೆ ಉಚಿತವಾಗಿ ವಕೀಲರ ನೆರವು ಸಿಗುತ್ತದೆ. ಪುನಃಸ್ಥಾಪನೆಯ ಅರ್ಜಿಗೂ ಈ ನೆರವು ಅನ್ವಯಿಸುತ್ತದೆ. 15100 ಎಂಬ ಸಹಾಯವಾಣಿಗೆ ಕರೆ ಮಾಡಿಯೂ ಕೇಳಬಹುದು.

ಆದರೆ ಹೊಣೆಯನ್ನೆಲ್ಲ ಕಕ್ಷಿದಾರನ ಮೇಲೆ ಹೊರಿಸಿ ಮುಗಿಸುವುದು ಸಲ್ಲದು. ನೋಟಿಸು ಕಳಿಸಬಹುದಾದ ವಿಳಾಸವನ್ನು ಪ್ರತಿಯೊಬ್ಬ ಕಕ್ಷಿದಾರನೂ ನ್ಯಾಯಾಲಯಕ್ಕೆ ಕೊಟ್ಟಿರಬೇಕೆಂದು ಸಂಹಿತೆಯ 6ನೇ ಆದೇಶದ 14ಎ ನಿಯಮ 1976ರ ತಿದ್ದುಪಡಿಯಿಂದಲೇ ಹೇಳುತ್ತಿದೆ. ಎಂದರೆ ಆಳಂದ, ಅಫಜಲಪುರ, ಜೇವರ್ಗಿ ನ್ಯಾಯಾಲಯಗಳ ಕಡತಗಳಲ್ಲಿ ವಾದಿಯ ಊರು, ಮನೆಯ ಗುರುತು ಆಗಲೇ ಇವೆ. ವಜಾ ಮಾಡುವುದಕ್ಕೆ ಮುನ್ನ ಆ ವಿಳಾಸಕ್ಕೆ ಮುಂದಿನ ತಾರೀಖನ್ನು ನಮೂದಿಸಿದ ಕನ್ನಡದ ನೋಟಿಸನ್ನು ಅಂಚೆಯಲ್ಲಿ ಕಳಿಸಿ, ಅದಕ್ಕೂ ಬಾರದಿದ್ದರೆ ಮಾತ್ರ ವಜಾ ಮಾಡುವ ಕ್ರಮವನ್ನು ತರಲು ಸಂಸತ್ತಿನ ತನಕ ಹೋಗಬೇಕಾಗಿಲ್ಲ. 122ನೇ ಅನುಚ್ಛೇದದ ಗಡುವಿನ ಎಣಿಕೆಯನ್ನು ತಿದ್ದಲು ಸಂಸತ್ತೇ ಬೇಕು. ಆದರೆ ಅನುಸೂಚಿಯ ಆದೇಶಗಳಿಗೆ ತನ್ನ ವ್ಯಾಪ್ತಿಯಲ್ಲಿ ಹೊಸ ನಿಯಮ ಸೇರಿಸುವ ಅಧಿಕಾರವನ್ನು ಸಂಹಿತೆಯ 122ನೇ ಕಲಮು ಹೈಕೋರ್ಟಿಗೇ ಕೊಟ್ಟಿದೆ. ಕರಡನ್ನು ಮೊದಲೇ ಪ್ರಕಟಿಸಿ, ಆಕ್ಷೇಪಣೆಗಳನ್ನು ಕೇಳಿ, ರಾಜ್ಯ ಸರ್ಕಾರದ ಅನುಮೋದನೆ ಪಡೆದರೆ 9ನೇ ಆದೇಶಕ್ಕೆ ಇಂಥದೊಂದು ನಿಯಮ ಸೇರುತ್ತದೆ. ಆ ಕರಡಿಗಾಗಿ ಮೊದಲು ಕೇಳಬಲ್ಲವರು ದಿನವೂ ಈ ವಜಾಗಳನ್ನು ಕಾಣುವ ತಾಲ್ಲೂಕು ವಕೀಲರ ಸಂಘಗಳವರು.